ಒತ್ತಿಗೆಗೆ ನಾನು ಸೇರಿಸಿದ ಹಕಾರ

ನಮ್ಮ ಮನೆಯಲ್ಲಿ ಹಕಾರ ಇರಲಿಲ್ಲ. ಹಸು ಅಸುವಾಗಿತ್ತು, ಹಾಲು ಆಲಾಗಿತ್ತು, ಹೊಳೆ ಒಳೆಯಾಗಿತ್ತು, ರಾಗಿ ಹಿಟ್ಟಿನ ಮುದ್ದೆಗೆ ನಾವು ಇಟ್ಟು ಅನ್ನುತ್ತಿದ್ದೆವು. ಮಧುವನಹಳ್ಳಿಯ ಅಕ್ಕಪಕ್ಕದ ಮನೆಗಳಲ್ಲೂ ಇರಲಿಲ್ಲವಾದ್ದರಿಂದ ಅದೊಂದು ಕೊರತೆ ಎಂದು ಯಾರಿಗೂ ಅನ್ನಿಸಿರಲಿಲ್ಲ. ಎಂಬತ್ತರ ಹತ್ತಿರ ಬಂದಿರುವ ಈ ವಯಸ್ಸಿನಲ್ಲೂ ಸಿಟ್ಟು ಬಂದರೆ ನನ್ನ ಬಾಯಿಂದ 'ಓಗತ್ಲಾಗೆ' ಎಂದೇ ಬರುತ್ತದೆ, ಅದಕ್ಕೆ ನನಗೆ ನಾಚಿಕೆಯೂ ಇಲ್ಲ. ಆದರೆ ಹದಿಮೂರರ ವಯಸ್ಸಿನಲ್ಲಿ ಇದೇ ಒಂದು ಅಕ್ಷರ ನನ್ನನ್ನು ತಿಂಗಳುಗಟ್ಟಲೆ ಹಿಡಿದು ಹಿಂಡಿತು. ಅದನ್ನು ಈಗಲಾದರೂ ಹೇಳಿಬಿಡುತ್ತೇನೆ. ಕೇಳಿ ಬೈಯಬೇಕಾದವರು ಯಾರೂ ಉಳಿದಿಲ್ಲ.

ನಮ್ಮದು ತೊಟ್ಟಿ ಮನೆ. ಮುಂದೆ ಜಗುಲಿ, ಒಳಗೆ ನಡುಮನೆ, ಎಡಕ್ಕೆ ಅಡುಗೆಮನೆ, ಬಲಕ್ಕೆ ರೇಷ್ಮೆಹುಳು ಸಾಕುವ ಉದ್ದನೆಯ ಕೋಣೆ. ಹುಳುಗಳಿಗೆ ಒಗ್ಗರಣೆಯ ಘಾಟು ಆಗದು ಎಂದು ಅವು ಹಣ್ಣಾಗಿ ಗೂಡು ಕಟ್ಟಲು ಸಿದ್ಧವಾಗುವ ವಾರದಲ್ಲಿ ನಮಗೆಲ್ಲ ಒಗ್ಗರಣೆಯಿಲ್ಲದ ಸಾರು. ನಡುಮನೆಯ ಗೋಡೆಯಲ್ಲಿ ದೇವರ ಗೂಡಿನ ಪಕ್ಕಕ್ಕೇ ಇನ್ನೊಂದು ಗೂಡಿತ್ತು. ಅದರಲ್ಲಿ ಕೆಂಪು ವಸ್ತ್ರ ಸುತ್ತಿ, ಕರ್ಪೂರದ ಬಿಲ್ಲೆಗಳ ನಡುವೆ ಇಟ್ಟಿದ್ದ ಒಂದು ಕೈಬರಹದ ಪುಸ್ತಕ. ಅದಕ್ಕೆ ಹೆಸರಿರಲಿಲ್ಲ, ನಾವು ಒತ್ತಿಗೆ ಅನ್ನುತ್ತಿದ್ದೆವು. ನಮ್ಮ ಮನೆತನದ ಯಾವುದೋ ಕಾಲದ ಹಿರಿಯರೊಬ್ಬರು ಮನೆಯಲ್ಲಿ ಜಗಳವಾಡಿಕೊಂಡು ಬಿಳಿಗಿರಿರಂಗನ ಬೆಟ್ಟದ ಕಾಡಿಗೆ ಹೋಗಿ, ಸೋಲಿಗರ ಪೋಡಿನಲ್ಲಿ, ಅಂದರೆ ಅವರ ಹಾಡಿಯಲ್ಲಿ, ಕೆಲವು ಕಾಲ ಇದ್ದು, ವಾಪಸು ಬಂದು ಅದನ್ನು ಬರೆದರಂತೆ. ಅವರಿಗೆ ಅಲ್ಲಿ ಗೊತ್ತಾದದ್ದು ಇಷ್ಟೇ: ಮೈಗಳು ಬೇರೆ ಬೇರೆ, ಒಳಗೆ ಕುಳಿತು ನೋಡುತ್ತಿರುವ ಅರಿವು ಮಾತ್ರ ಒಂದೇ. ಮನುಷ್ಯನಲ್ಲಿ, ಹಸುವಿನಲ್ಲಿ, ಹಿಪ್ಪುನೇರಳೆ ಸೊಪ್ಪು ತಿನ್ನುವ ಹುಳುವಿನಲ್ಲಿ ಇರುವುದು ಅದೇ ಅರಿವು. ಸಂಜೆ ದೀಪ ಹಚ್ಚಿದ ಮೇಲೆ ಅದರ ಮೊದಲ ಸಾಲುಗಳನ್ನು ಓದದೆ ನಮ್ಮ ಮನೆಯಲ್ಲಿ ಯಾರೂ ಉಣ್ಣುವಂತಿರಲಿಲ್ಲ.

ಗೂಡು ಹಲವು, ನೂಲು ಒಂದು.
ಅರಿದರೆ ಎರಡಿಲ್ಲ, ಅರಿಯದಿರೆ ಒಂದೂ ಇಲ್ಲ.
ಒಳಗಿರುವ ಆಳು ಒಬ್ಬನೇ, ಮನೆ ನೂರು.

ಓದುವುದು ದೊಡ್ಡಪ್ಪನ ಮಗ ಮಾದೇವಣ್ಣನ ಕೆಲಸ, ಏಕೆಂದರೆ ದೊಡ್ಡಪ್ಪನ ಕಣ್ಣಿಗೆ ಪೊರೆ ಬಂದಿತ್ತು. 'ಅರಿದರೆ ಎರಡಿಲ್ಲ' ಎಂಬಲ್ಲಿಗೆ ಬಂದಾಗ ಮನೆಮಂದಿಯೆಲ್ಲ ಒಟ್ಟಿಗೆ ದನಿಗೂಡಿಸಬೇಕು. ಅಪ್ಪ ಮತ್ತು ದೊಡ್ಡಪ್ಪ ತೋಟಕ್ಕೆ ನೀರು ಬಿಡುವ ವಿಷಯಕ್ಕೋ ಹುಳುವಿನ ಮೊಟ್ಟೆ ಎಲ್ಲಿಂದ ತರಬೇಕೆಂಬುದಕ್ಕೋ ಕಿತ್ತಾಡಿ ನಾಲ್ಕು ದಿನದಿಂದ ಮಾತು ಬಿಟ್ಟಿದ್ದರೂ ಒಂದೇ ಚಾಪೆಯ ಮೇಲೆ ಕುಳಿತು, ಮುಖ ಆಚೆಗೊಂದು ಈಚೆಗೊಂದು ತಿರುಗಿಸಿಕೊಂಡು, 'ಅರಿದರೆ ಎರಡಿಲ್ಲ' ಎಂದು ಒಂದೇ ದನಿಯಲ್ಲಿ ಹೇಳುತ್ತಿದ್ದರು. ನನಗೆ ನಗು ತಡೆಯುವುದೇ ಕಷ್ಟವಾಗುತ್ತಿತ್ತು.

ಕೊಳ್ಳೇಗಾಲ ಮದರಾಸಿನ ಕೈಬಿಟ್ಟು ಮೈಸೂರಿಗೆ ಸೇರಿತಲ್ಲ, ಅದಾದ ಸ್ವಲ್ಪ ದಿನಕ್ಕೆ ನಮ್ಮೂರ ಶಾಲೆಗೆ ಮೈಸೂರಿನ ಮೇಷ್ಟ್ರೊಬ್ಬರು ಬಂದರು. ಅವರ ಕಿವಿಗೆ ನಮ್ಮ ಮಾತು ಮುಳ್ಳು. ನಮ್ಮನ್ನು ಸಾಲಾಗಿ ನಿಲ್ಲಿಸಿ, ಅಂಗೈಯನ್ನು ಬಾಯಿಯ ಮುಂದೆ ಹಿಡಿಸಿ, 'ಹ' ಅನ್ನಿಸುತ್ತಿದ್ದರು. ಅಂಗೈಗೆ ಗಾಳಿ ತಾಕಿದರೆ ಸರಿ, ತಾಕದಿದ್ದರೆ ಅದೇ ಅಂಗೈಗೆ ಬೆತ್ತ. ಒಂದು ದಿನ ನಾನು ಯಾವುದಕ್ಕೋ 'ನಮ್ಮನೆ ಒತ್ತಿಗೇಲಿ ಅದೆ ಸಾ' ಎಂದೆ.

"ಒತ್ತಿಗೆಯಲ್ಲ, ಹೊತ್ತಿಗೆ! ಇರೋ ಹಕಾರವನ್ನೆಲ್ಲ ನುಂಗಿಬಿಡ್ತೀರಿ. ನಿಮ್ಮ ಮನೆ ಪುಸ್ತಕದಲ್ಲೂ ಹೀಗೇ ನುಂಗಿದ್ದಾರೋ ಏನೋ!"

ಅವರು ಅಂದದ್ದು ಅಷ್ಟೇ. ನನ್ನ ತಲೆಯೊಳಗೆ ಅದು ಕೂತುಬಿಟ್ಟಿತು.

ಆ ಬೇಸಗೆಗೆ ನಮ್ಮೂರ ಶಾಲೆಯ ಓದು ಮುಗಿಯಿತು. ಮುಂದೆ ಓದಬೇಕಾದರೆ ಕೊಳ್ಳೇಗಾಲದ ಹೈಸ್ಕೂಲಿಗೆ ಹೋಗಬೇಕು. ನನಗೆ ಹೋಗಲೇಬೇಕಿತ್ತು, ಅದು ಬಿಟ್ಟು ಬೇರೆ ಯೋಚನೆಯೇ ಇರಲಿಲ್ಲ. ಅಪ್ಪ ಅದನ್ನು ದೊಡ್ಡಪ್ಪನ ಮುಂದೆ ಎತ್ತಿದಾಗ ನಾನು ಹುಳುಕೋಣೆಯ ಬಾಗಿಲ ಹಿಂದೆ ಸೊಪ್ಪು ಕತ್ತರಿಸುತ್ತ ಕುಳಿತಿದ್ದೆ.

"ಎಣ್ಣೈಕ ಕೊಳ್ಳೇಗಾಲಕ್ಕೋಗಿ ಓದಿ ಏನ್ಲಾ ಕಡ್ದಾಕಬೇಕು? ಸಾಕು ಬುಡು" ಎಂದರು ದೊಡ್ಡಪ್ಪ.

"ಅವಳಕ್ಸರ ನೋಡು ಅಣ್ಣಯ್ಯ, ಮುತ್ತು ಪೋಣ್ಸಿದಂಗದೆ. ಒತ್ತಿಗೆ ಗೆದ್ಲು ತಿಂತಾ ಅದೆ, ಒಸದು ಬರೀಬೇಕು ಅಂತ ನೀನೇ ಅಂತಿದ್ದಲ್ಲ. ಇವಳೇ ಬರೀಲಿ. ಒಂದಕ್ಸರ ತಪ್ಪುದ್ರೆ ನಾನೇ ಇಸ್ಕೂಲ್ ಬುಡುಸ್ತೀನಿ."

"ತಪ್ಪು ಯಾವತ್ತು ಸಿಕ್ಕುದ್ರೂ?"

"ಯಾವತ್ತು ಸಿಕ್ಕುದ್ರೂ ಸರಿಯೆ."

ಒತ್ತಿಗೆಯನ್ನು ಪ್ರತಿ ಮಾಡುವುದಕ್ಕೆ ಒಂದೇ ಕಟ್ಟಳೆ: ಒಂದಕ್ಷರ ಕೂಡಬಾರದು, ಒಂದಕ್ಷರ ಕಳೆಯಬಾರದು. ನಾನು ಬೆಳಿಗ್ಗೆ ಸ್ನಾನ ಮಾಡಿ, ಜಗುಲಿಯಲ್ಲಿ ಮಣೆ ಹಾಕಿಕೊಂಡು, ಮಸಿಕುಡಿಕೆಗೆ ಲೇಖನಿ ಅದ್ದಿ ಅದ್ದಿ ಬರೆದೆ. ಪಕ್ಕದಲ್ಲಿ ಅಜ್ಜಿ ಬೀಸಣಿಗೆ ಹಿಡಿದು ಕೂತಿರುತ್ತಿದ್ದಳು. ಅವಳಿಗೆ ಓದು ಬಾರದು, ಆದರೆ ಒತ್ತಿಗೆಯ ಅಷ್ಟೂ ಹಾಳೆ ಕಿವಿಯಲ್ಲಿತ್ತು. ಹಳೆಯ ಪ್ರತಿಯ ಕೊನೆಯಲ್ಲಿ ಹಿಂದಿನ ಕಾಲದ ಯಾರೋ 'ಈ ಒತ್ತಿಗೆ ಬರೆದು ಮುಗಿಯಿತು' ಎಂದು ಬರೆದಿದ್ದರು. ಅದನ್ನು ನೋಡಿದ ಕೂಡಲೇ ನನಗೆ ಮೇಷ್ಟ್ರ ಮಾತು ನಿಜವೆನ್ನಿಸಿತು. ನೋಡು, ಇವರೂ ಹಕಾರ ನುಂಗಿದ್ದಾರೆ. ಹೊತ್ತಿಗೆಯಲ್ಲೇ ನುಂಗಿದವರು ಒಳಗೆ ಇನ್ನೆಷ್ಟು ನುಂಗಿರಬೇಡ! ಕೂಡಬಾರದು ಎಂಬ ಕಟ್ಟಳೆ ನನಗೆ ನೆನಪಿತ್ತು. ಆದರೆ ನಾನು ಹೊಸದೇನನ್ನೂ ಕೂಡುತ್ತಿರಲಿಲ್ಲವಲ್ಲ, ಯಾರೋ ಕಳೆದದ್ದನ್ನು ವಾಪಸು ಇಡುತ್ತಿದ್ದೆ. 'ನೂಲು ಒಂದು' ಎಂದ ಮೇಲೆ ಮುಂದಿನದು 'ಹರಿದರೆ' ಎಂದೇ ಇರಬೇಕು, ನೂಲು ಹರಿಯುವುದಲ್ಲದೆ ಇನ್ನೇನು? ಊರಿನ ಅಂಚಿನ ಕೊಟ್ಟಿಗೆಯಲ್ಲಿ ಕುದಿಯುವ ಬಾಣಲೆಯಿಂದ ಗೂಡುಗಳ ಎಳೆ ಹಿಡಿದು ಚರಕಕ್ಕೆ ಕೊಡುವುದನ್ನು ದಿನಾ ನೋಡಿದ್ದೆ, ಎಳೆ ಹರಿದರೆ ಅಲ್ಲಿಯವರು ಬೈದಾಡುವುದನ್ನೂ ಕೇಳಿದ್ದೆ. ಹಾಗಾಗಿ ಅನುಮಾನವೇ ಬರಲಿಲ್ಲ. 'ಹರಿದರೆ ಎರಡಿಲ್ಲ, ಹರಿಯದಿರೆ ಒಂದೂ ಇಲ್ಲ' ಎಂದು ದುಂಡಗೆ ಬರೆದೆ. ಮುಂದೆ ಆಳು ಹಾಳಾಯಿತು. ಒಳಗಿನ ಹಾಳೆಗಳಲ್ಲಿ ಎಲ್ಲೆಲ್ಲಿ ಏನೇನು ಸೇರಿಸಿದೆನೋ, ಎಲ್ಲವನ್ನೂ ಹೆಮ್ಮೆಯಿಂದಲೇ ಸೇರಿಸಿದೆ.

ತಾಳೆ ನೋಡುವ ದಿನ ನಾನು ಹೊಸದನ್ನು ಗಟ್ಟಿಯಾಗಿ ಓದಬೇಕು, ಮಾದೇವಣ್ಣ ಹಳೆಯದರಲ್ಲಿ ಬೆರಳಿಟ್ಟು ನೋಡುತ್ತ ಹೋಗಬೇಕು. ದೊಡ್ಡಪ್ಪನ ಮುಂದೆ ಮೇಷ್ಟ್ರ ಹಾಗೆ ಗಾಳಿ ಬಿಟ್ಟು ಓದಿದ್ದರೆ ಕೊಬ್ಬು ಎನ್ನುತ್ತಿದ್ದರು. ಆದ್ದರಿಂದ ನಾನು ಮನೆಯ ಬಾಯಲ್ಲೇ ಓದಿದೆ. 'ಗೂಡು ಅಲವು, ನೂಲು ಒಂದು, ಅರಿದರೆ ಎರಡಿಲ್ಲ.' ಬರೆದದ್ದು ಹರಿ, ಬಾಯಿಗೆ ಬಂದದ್ದು ಅರಿ, ಮಾದೇವಣ್ಣನ ಬೆರಳಿನ ಕೆಳಗೆ ಇದ್ದದ್ದೂ ಅರಿ. ಮೊದಲಿನಿಂದ ಕೊನೆಯತನಕ ಒಂದೇ ಒಂದು ತಪ್ಪು ಸಿಗಲಿಲ್ಲ. ಅಜ್ಜಿ ನನ್ನ ಕೆನ್ನೆ ಸವರಿ ನೆಟಿಗೆ ಮುರಿದಳು. ದೊಡ್ಡಪ್ಪ ಎದ್ದು, ಹಳೆಯ ಒತ್ತಿಗೆಯನ್ನು ಹಳದಿ ಬಟ್ಟೆಯಲ್ಲಿ ಕಟ್ಟಿಕೊಂಡು ಅಪ್ಪನ ಜೊತೆ ಗಾಡಿ ಹೂಡಿಸಿ ಹೋಗಿ, ಕಾವೇರಿಗೆ ಬಿಟ್ಟು ಬಂದರು. ಹೊಸದು ಬಂದ ದಿನವೇ ಹಳೆಯದು ಹೊಳೆಗೆ ಹೋಗಬೇಕೆಂಬುದು ನಮ್ಮ ಮನೆಯ ಪದ್ಧತಿ.

ಹೈಸ್ಕೂಲಿಗೆ ಸೇರಿ ಒಂದು ತಿಂಗಳೂ ಆಗಿರಲಿಲ್ಲ. ಕನ್ನಡದ ಟೀಚರು ಬೋರ್ಡಿನ ಮೇಲೆ ಎರಡು ಮಾತು ಬರೆದರು: ಅರಿ, ಹರಿ.

"ಅರಿ ಎಂದರೆ ತಿಳಿ. ಅರಿವು ಎಂದರೆ ತಿಳಿವು. ಹರಿ ಎಂದರೆ ಕಿತ್ತುಹಾಕು, ಚಿಂದಿ ಮಾಡು. ಈ ಕಡೆಯ ಮಕ್ಕಳು ಇರೋ ಹಕಾರ ಬಿಡ್ತೀರಿ, ಬೈದರೆ ಇಲ್ಲದ ಕಡೆ ತಂದು ಹಾಕ್ತೀರಿ. ಬರ್ಕೊಳ್ಳಿ."

ಎಲ್ಲರೂ ಬರೆದುಕೊಂಡರು. ನನ್ನ ಕೈ ಓಡಲಿಲ್ಲ. ಅರಿವು ಒಂದೇ ಎಂದು ಹೇಳಲು ಕಾಡಿನಿಂದ ಇಳಿದು ಬಂದ ಹಿರಿಯರ ಬಾಯಲ್ಲಿ ನಾನು ಹರಿದು ಹಾಕುವ ಮಾತು ಹಾಕಿದ್ದೆ. ಒಳಗಿರುವ ಹಾಳು ಒಬ್ಬನೇ ಎಂದು ಬರೆದಿದ್ದೆ. ಸರಿಯಾಗಿದ್ದ ಪುಸ್ತಕ ಕಾವೇರಿಯ ಪಾಲಾಗಿತ್ತು. ಅಪ್ಪ ಆಡಿದ ಮಾತು ಮಾತ್ರ ಹಾಗೇ ಇತ್ತು. ತಪ್ಪು ಯಾವತ್ತು ಸಿಕ್ಕಿದರೂ ಶಾಲೆ ಬಿಡಿಸುತ್ತೇನೆ ಎಂದಿದ್ದರಲ್ಲ, ಅಪ್ಪ ಅಣ್ಣನ ಮುಂದೆ ಆಡಿದ ಮಾತು ತಿನ್ನುವವರಲ್ಲ.

ಅಲ್ಲಿಂದಾಚೆ ಸಂಜೆ ಎಂದರೆ ನನಗೆ ಭಯ. ಮಾದೇವಣ್ಣ ಒತ್ತಿಗೆ ಬಿಚ್ಚಿದರೆ ನನ್ನ ಕಣ್ಣು ಅವನ ಕಣ್ಣಿನ ಮೇಲೆ. ಅವನು ಪುಸ್ತಕ ಹಿಡಿದಿದ್ದರೂ ಹೇಳುತ್ತಿದ್ದುದು ನೆನಪಿನಿಂದ, ಅದೇ ನನ್ನ ಪುಣ್ಯ. ತಡೆಯಲಾಗದೆ ಒಂದು ಮಧ್ಯಾಹ್ನ, ಎಲ್ಲರೂ ತೋಟಕ್ಕೆ ಹೋಗಿದ್ದಾಗ, ಬ್ಲೇಡು ಹಿಡಿದುಕೊಂಡು ನಡುಮನೆಗೆ ಹೋದೆ. ಕೆಂಪು ವಸ್ತ್ರ ಬಿಚ್ಚಿ ಮೊದಲ ಹಾಳೆ ತೆಗೆದು 'ಹರಿದರೆ'ಯ ಹಕಾರವನ್ನು ಕೆರೆದೆ. ಮಸಿ ಹೋಗಲಿ ಎಂದು ಇನ್ನೂ ಕೆರೆದೆ. ಹಕಾರವೇನೋ ಹೋಯಿತು, ಅದರ ಜೊತೆಗೆ ಕಾಗದವೂ ಹೋಗಿ ಜೋಳದ ಕಾಳಿನಷ್ಟು ತೂತಾಯಿತು. ಅಷ್ಟರಲ್ಲಿ ಹಿತ್ತಲಲ್ಲಿ ಅವರೆಕಾಯಿ ಸುಲಿಯುತ್ತಿದ್ದ ಅಜ್ಜಿ ಕೂಗಿದಳು.

"ಯಾರವ್ವಾ ಅದು, ಕರ್ಪೂರದ ವಾಸ್ನೆ ಬತ್ತಾ ಅದೆ? ಒತ್ತಿಗೆ ಬಿಚ್ಚುದ್ರಾ?"

"ನಾನು ಕಣಜ್ಜಿ, ಗೌರಿ. ದೂಳೊಡೀತಿದ್ದೆ" ಎಂದೆ. ಅಜ್ಜಿಗೆ ನಾನು ಹೇಳಿದ ಮೊದಲ ಸುಳ್ಳು ಅದು. ಹೇಗೋ ಸುತ್ತಿ ಗೂಡಿನಲ್ಲಿಟ್ಟು ಓಡಿದೆ. ಅವತ್ತೇ ಸಂಜೆ ಮಾದೇವಣ್ಣ ಹಾಳೆಯನ್ನು ದೀಪಕ್ಕೆ ಹಿಡಿದು, "ಇಲ್ಲೊಂದು ತೂತದೆ ಅಪ್ಪಯ್ಯ, ಇದ್ಕೂ ಗೆದ್ಲು ಬಂತೇನೋ" ಎಂದ. ದೊಡ್ಡಪ್ಪ ಹುಬ್ಬು ಗಂಟಿಕ್ಕಿದರು. "ಇನ್ನೂ ವರ್ಸ ತುಂಬಿಲ್ಲ, ಆಗ್ಲೇ ಗೆದ್ಲಾ? ಬರ್ದ ಕೈ ಎಂತಾದೋ!" ಅಪ್ಪ ಆ ರಾತ್ರಿ ಅರ್ಧ ಮುದ್ದೆಗೇ ಎದ್ದುಬಿಟ್ಟರು.

ಮಾಘಮಾಸದಲ್ಲಿ ಮಾದೇವಣ್ಣನ ಮದುವೆಯಾಯಿತು. ಹೆಣ್ಣು ಮೈಸೂರಿನಲ್ಲೇ ಹುಟ್ಟಿ ಬೆಳೆದವಳು, ಹೆಸರು ವಿಮಲ, ಮೆಟ್ರಿಕ್ ಮುಗಿಸಿದ್ದಳು. ನನ್ನ ಹೈಸ್ಕೂಲಿಗೆ ಕೊಂಕು ತೆಗೆಯುತ್ತಿದ್ದ ದೊಡ್ಡಪ್ಪನೇ ಓದಿದ ಸೊಸೆ ತಂದೆ ಎಂದು ಊರೆಲ್ಲ ಹೇಳಿಕೊಂಡು ತಿರುಗಿದರು. ಆ ಅತ್ತಿಗೆಯ ಬಾಯಲ್ಲಿ ಹಕಾರ ಗಂಟೆ ಹೊಡೆದ ಹಾಗೆ ಬರುತ್ತಿತ್ತು. ಮೊದಲ ದಿನದ ಊಟದಲ್ಲಿ ಹಾಲಿನ ಚೊಂಬು ಹಿಡಿದು ಬಂದು ದೊಡ್ಡಪ್ಪನನ್ನು ಕೇಳಿದಳು.

"ಮಾವ, ಹಾಲು ಹಾಕಲಾ?"

"ಆಕವ್ವ ಆಕು. ಬಾಯ್ನಿಂದ ಗಾಳಿ ಬುಟ್ಟು ಆಲ ಆರ್ಸ್ಬ್ಯಾಡ!"

ಪಂಕ್ತಿಯವರೆಲ್ಲ ಹೊಟ್ಟೆ ಹಿಡಿದುಕೊಂಡು ನಕ್ಕರು. ಅತ್ತಿಗೆಯ ಮುಖ ಕೆಂಪಾಯಿತು. ಆಮೇಲೆ ಅಡುಗೆಮನೆಯ ಮೂಲೆಯಲ್ಲಿ ಅವಳು ಮಾದೇವಣ್ಣನಿಗೆ ಹೇಳುತ್ತಿದ್ದುದು ನನ್ನ ಕಿವಿಗೆ ಬಿತ್ತು. "ಹಾಲು ಅಂದರೆ ಹಾಲೇ. ಆಲು ಅಂತ ನನ್ನ ಬಾಯಲ್ಲಿ ಸತ್ತರೂ ಬರಲ್ಲ." ಆ ಮಾತು ಕೇಳಿ ನನಗೆ ದಿಗಿಲು ಹತ್ತಿತು. ಏಕೆಂದರೆ ನಮ್ಮ ಮನೆಗೆ ಬಂದ ಸೊಸೆ ಮೊದಲ ಸೋಮವಾರ ಒತ್ತಿಗೆಯನ್ನು ಕಣ್ಣಿಗೊತ್ತಿಕೊಳ್ಳಬೇಕು, ಅವತ್ತಿನಿಂದ ಅವಳು ಮನೆಯವಳು. ಓದು ಬಾರದ ಅವ್ವ, ದೊಡ್ಡವ್ವ ಕಣ್ಣಿಗೊತ್ತಿಕೊಂಡು ಮುಗಿಸಿದ್ದರು. ಈ ಸಲ ದೊಡ್ಡಪ್ಪ ಬಿಡಲಿಲ್ಲ.

"ಓದಾಕ್ ಬರೋ ಸೊಸೆ ಇವಳೇ ಮೊದ್ಲು. ಓದೇ ಬುಡ್ಲಿ. ಒಂದಕ್ಸರ ಬುಡ್ದಂಗೆ ಓದವ್ವ, ನಮ್ಮೈಕಳು ನುಂಗ್ಬುಟ್ಟು ಓದ್ತವೆ."

ಸೋಮವಾರಕ್ಕೆ ಇನ್ನು ಮೂರು ದಿನ. ನಾನು ಅತ್ತಿಗೆಯ ಹಿಂದೆ ಹಿಂದೆಯೇ ಸುತ್ತಿದೆ. ಹೇಳಿಬಿಡಬೇಕೆಂದು ಬಾಯಿಯವರೆಗೆ ತಂದು ನುಂಗಿಕೊಂಡೆ. ಭಾನುವಾರ ಹಿತ್ತಲಲ್ಲಿ ನನಗೆ ಜಡೆ ಹಾಕುತ್ತ ಅವಳೇ ಮಾತು ತೆಗೆದಳು.

"ಹೊತ್ತಿಗೆ ಬರೆದದ್ದು ನೀನಂತೆ? ಇಷ್ಟು ಚಿಕ್ಕ ಹುಡುಗಿ! ನನಗೆ ಹೆದರಿಕೆ ಕಣೆ ಗೌರಿ. ಎಲ್ಲರೂ ನಗೋದಕ್ಕೇ ಕಾಯ್ತಾ ಇದ್ದಾರೆ. ನಾಳೆ ಒಂದೇ ಒಂದು ತಪ್ಪಿಲ್ಲದೆ ಓದಿ ತೋರಿಸ್ತೀನಿ."

ಅವಳು ಜಡೆ ಬಿಗಿದು ಕಟ್ಟಿದಳು, ತಲೆ ನೋಯಿತು. ನಿಜ ಹೇಳುತ್ತೇನೆ, ಆಗ ಅವಳನ್ನು ಕಂಡರೆ ನನಗಾಗುತ್ತಿರಲಿಲ್ಲ. ಅವಳಿಗೆ ಜ್ವರ ಬರಲಿ, ಗಂಟಲು ಕಟ್ಟಲಿ ಎಂದು ದೇವರಿಗೆ ಹರಕೆಯನ್ನೇ ಹೊತ್ತಿದ್ದೆ.

ಜ್ವರ ಬರಲಿಲ್ಲ. ಸೋಮವಾರ ದೀಪ ಹಚ್ಚಿದರು, ಚಾಪೆ ಹಾಸಿದರು. ಅಪ್ಪ, ದೊಡ್ಡಪ್ಪ ಒಂದು ಬದಿಗೆ, ಹೆಂಗಸರು ಇನ್ನೊಂದು ಬದಿಗೆ, ಅಜ್ಜಿ ಕಂಬಕ್ಕೆ ಒರಗಿಕೊಂಡು. ನಾನು ಅತ್ತಿಗೆಯ ಎದುರಿಗೇ ಕುಳಿತಿದ್ದೆ. ಅವಳು ಸೆರಗು ಹೊದ್ದು, ಕೆಂಪು ವಸ್ತ್ರ ಬಿಚ್ಚಿ, ಮೊದಲ ಹಾಳೆ ತೆಗೆದಳು. ನನಗೇ ಗೊತ್ತಿಲ್ಲದಂತೆ ನನ್ನ ಅಂಗೈ ಬಾಯಿಯ ಮುಂದೆ ಬಂದಿತ್ತು.

"ಗೂಡು ಹಲವು, ನೂಲು ಒಂದು."

ಹಕಾರ ನಡುಮನೆಯ ಮೂಲೆಮೂಲೆಗೂ ಕೇಳಿಸಿತು. ದೊಡ್ಡಪ್ಪ ತಲೆದೂಗಿದರು. ಮುಂದಿನ ಮಾತಿಗೆ ಎಲ್ಲರೂ ದನಿಗೂಡಿಸಲು ಸಿದ್ಧವಾದರು. ಅತ್ತಿಗೆ ನಿಂತುಬಿಟ್ಟಳು. ಅವಳ ಬೆರಳು ತೂತಿನ ಮೇಲಿತ್ತು. ಅಲ್ಲಿಂದ ಬೆರಳು ಮೆಲ್ಲಗೆ ಪಕ್ಕಕ್ಕೆ ಸರಿಯಿತು, 'ಹರಿಯದಿರೆ'ಯ ಮೇಲೆ ನಿಂತಿತು, ಕೆಳಗಿಳಿದು 'ಹಾಳು' ಇದ್ದಲ್ಲಿ ಮತ್ತೆ ನಿಂತಿತು.

"ಯಾಕವ್ವ ನಿಂತ್ಬುಟ್ಟೆ? ಏನಾರ ತಪ್ಪದೆಯಾ?" ಎಂದರು ದೊಡ್ಡಪ್ಪ.

ಅಪ್ಪ ತಟ್ಟನೆ ನನ್ನ ಕಡೆ ನೋಡಿದರು. ಅತ್ತಿಗೆಯೂ ತಲೆಯೆತ್ತಿ ನನ್ನನ್ನೇ ನೋಡಿದಳು. ಮುಖದಲ್ಲಿ ನಗುವೂ ಇರಲಿಲ್ಲ, ಸಿಟ್ಟೂ ಇರಲಿಲ್ಲ. ನನ್ನ ಅಂಗೈ, ನನ್ನ ಕಣ್ಣು, ಮತ್ತೆ ಆ ತೂತು, ಇಷ್ಟನ್ನೂ ಒಂದು ಸುತ್ತು ನೋಡಿದಳು. ನಾನು ಒಂದು ಮಾತೂ ಹೇಳಿರಲಿಲ್ಲ, ತಲೆ ಕೂಡ ಅಲ್ಲಾಡಿಸಿರಲಿಲ್ಲ. ಅವಳಿಗೆ ಎಲ್ಲ ಗೊತ್ತಾಯಿತು ಎಂಬುದು ಮಾತ್ರ ನನಗೆ ಆ ಗಳಿಗೆಯಲ್ಲೇ ಗೊತ್ತಾಯಿತು. ಮುಗಿಯಿತು ಎಂದುಕೊಂಡೆ.

"ತಪ್ಪೇನಿಲ್ಲ ಮಾವ. ನಾನೇ ತಪ್ಪಾಗಿ ಓದಿದೆ. ಮೊದಲಿಂದ ಓದ್ತೀನಿ" ಎಂದಳು. ಸೆರಗು ಸರಿಮಾಡಿಕೊಂಡು, ಕೆಳಗೆ ನೋಡಿ, ನಿಧಾನವಾಗಿ ಶುರುಮಾಡಿದಳು.

"ಗೂಡು ಅಲವು, ನೂಲು ಒಂದು. ಅರಿದರೆ ಎರಡಿಲ್ಲ, ಅರಿಯದಿರೆ ಒಂದೂ ಇಲ್ಲ. ಒಳಗಿರುವ ಆಳು ಒಬ್ಬನೇ, ಮನೆ ನೂರು."

ಹಾಳೆಯ ಕೊನೆಯವರೆಗೂ ಹಾಗೇ ಓದಿದಳು. ಯಾವ ಹಕಾರ ಹಿರಿಯರದು, ಯಾವುದು ನನ್ನದು ಎಂದು ಅವಳಿಗೆ ಹೇಗೆ ಗೊತ್ತಾಗಬೇಕು? ಅದಕ್ಕೇ ಇದ್ದಬದ್ದ ಹಕಾರವನ್ನೆಲ್ಲ ಬಿಟ್ಟುಬಿಟ್ಟಳು. 'ಅರಿದರೆ ಎರಡಿಲ್ಲ' ಎಂದು ಮನೆಯವರೆಲ್ಲ ದನಿಗೂಡಿಸಿದರು. ದೊಡ್ಡಪ್ಪ ಖುಷಿಯಿಂದ ತೊಡೆ ತಟ್ಟಿಕೊಂಡು, "ಈಗ ಸರೋಯ್ತು. ಈಗ ಬಂತು ನೋಡು ನಮ್ಮನೆ ಬಾಯಿ!" ಎಂದರು. ಎಲ್ಲರೂ ನಕ್ಕರು. ಮೈಸೂರಿನ ಹುಡುಗಿ ಮೂರೇ ದಿನಕ್ಕೆ ಸೋತಳು ಎಂಬ ನಗು ಅದು. ಅತ್ತಿಗೆ ಆ ನಗುವನ್ನು ತಲೆ ತಗ್ಗಿಸಿ ತೆಗೆದುಕೊಂಡಳು.

ಊಟಕ್ಕೆ ಕುಳಿತೆವು. ಅತ್ತಿಗೆ ಹಾಲಿನ ಚೊಂಬು ಹಿಡಿದು ಬಡಿಸುತ್ತ ಪಂಕ್ತಿಯ ಕೊನೆಗೆ, ನನ್ನ ಎಲೆಯ ಮುಂದೆ ಬಂದು ಬಗ್ಗಿದಳು.

"ಆಲು ಆಕ್ಲಾ, ಗೌರಿ?"

ಅಪ್ಪನ ತುತ್ತು ಕೈಯಲ್ಲೇ ನಿಂತಿತು. ಮಾದೇವಣ್ಣ ಹೆಂಡತಿಯ ಮುಖ ನೋಡಿದ. ನಾನು ಎಲೆಯ ಮುಂದೆ ಬಿಕ್ಕಿ ಬಿಕ್ಕಿ ಅತ್ತೆ. ಖಾರ ನೆತ್ತಿಗೆ ಹತ್ತಿರಬೇಕೆಂದು ಅಜ್ಜಿ ತಲೆ ತಟ್ಟಿದಳು.

ನಾನು ಹೈಸ್ಕೂಲು ಮುಗಿಸಿದೆ, ಟೀಚರಾದೆ, ಮೂವತ್ತು ವರ್ಷ ಮಕ್ಕಳಿಗೆ ಅರಿ ಬೇರೆ ಹರಿ ಬೇರೆ ಎಂದು ಹೇಳಿಕೊಟ್ಟೆ. ಅತ್ತಿಗೆ ಆ ತೂತಿನ ವಿಷಯ ನನ್ನನ್ನು ಒಮ್ಮೆಯೂ ಕೇಳಲಿಲ್ಲ. ತವರಿಗೆ ಹೋದಾಗ ಅವಳ ಹಕಾರ ಅಲ್ಲಿಯೇ ಅವಳಿಗಾಗಿ ಕಾದಿರುತ್ತಿತ್ತಂತೆ, ಬಾಯಿ ತುಂಬ ಆಡಿ ಬರುತ್ತಿದ್ದಳಂತೆ. ನಮ್ಮ ಹೊಸ್ತಿಲು ದಾಟಿದರೆ ಮಾತ್ರ, ಸಾಯುವತನಕ, ಆಲನ್ನೇ ಬಡಿಸಿದಳು.